ಸಾಕ್ಷ್ಯಚಿತ್ರದಲ್ಲಿ ನಮ್ಮ ಸಾಹುಕಾರರು

ಕ್ಯಾಮೆರಾ ಹೆಗಲಿಗೇರಿಸಿದವನಿಗೆ ಪೇಚಿನ ಪ್ರಸಂಗಗಳು ತಪ್ಪಿದ್ದಲ್ಲ. ನನ್ನ ಪಾಲಿನವುಗಳಲ್ಲಿ ಅರ್ಧಕ್ಕರ್ಧ ಒಬ್ಬರಿಂದಲೇ. ತೊಂಬತ್ತರ ದಶಕದಲ್ಲಿ ನಾನು ಶಿರಸಿಯಲ್ಲಿ ಮದುವೆ ವಿಡಿಯೋ ತೆಗೆಯುತ್ತಿದ್ದೆ. ಹೊರಗಿನವರು ಸಾಕ್ಷ್ಯಚಿತ್ರಕ್ಕೆಂದು ಬಂದರೆ ಅದಕ್ಕೂ ನನಗೇ ಕರೆ. ಊರಲ್ಲಿ ಹಳೇ ವಿಗ್ರಹ, ಚಿತ್ರ, ಮುಖವಾಡಗಳನ್ನು ಮನೆತುಂಬ ಕೂಡಿಟ್ಟ ಸಾಹುಕಾರರೊಬ್ಬರಿದ್ದರು. ಎಲ್ಲಿ ಕಲೆಯ ಶೂಟಿಂಗ್ ಇದ್ದರೂ ಜರಿ ಶಾಲು ಹೊದ್ದು ಹಾಜರ್.

ಒಂದು ಕೈ

ಸಿದ್ದಾಪುರದ ಕಡೆ ಒಬ್ಬ ಅಜ್ಜಿ ಗೋಡೆಯ ಮೇಲೆ ಹಸೆ ಚಿತ್ತಾರ ಬರೆಯುತ್ತಿದ್ದರು. ಸಾಹುಕಾರರು ಕುರ್ಚಿ ತರಿಸಿ ಗೋಡೆಯೆದುರೇ ಕೂತರು.

"ಸ್ವಲ್ಪ ಸರೀರಿ," ಎಂದ ನಿರ್ದೇಶಕ.

ಸರಿದರು, ನೇರ ಅಜ್ಜಿಯ ಮುಂದಕ್ಕೆ. ನಮ್ಮ ಊಟ, ವಸತಿ ಎಲ್ಲ ಸಾಹುಕಾರರ ಮನೆಯಲ್ಲೇ ಆದ್ದರಿಂದ ಹಾಗೆಯೇ ಶೂಟ್ ಮಾಡಿದೆವು. ಚಿತ್ರದಲ್ಲಿ ಸಾಹುಕಾರರ ಕಿವಿಯ ಹಿಂದಿನಿಂದ ಒಂದು ಕೈ ಹೊರಬಂದು ಚಿತ್ತಾರ ಬರೆಯುತ್ತದೆ. ಅಜ್ಜಿಗೆ ತೋರಿಸಿದೆವು. ಕಣ್ಣು ಕಿರಿದು ಮಾಡಿ ನೋಡಿ, "ಬಳೆ ನಂದೇ," ಅಂದರು.

ಮುನ್ನೂರು ವರ್ಷ

ಯಲ್ಲಾಪುರದಲ್ಲಿ ಮರದ ಕೆತ್ತನೆಯ ಬಗ್ಗೆ ಚಿತ್ರ. ಸಾಹುಕಾರರು ತಮ್ಮ ಸಂಗ್ರಹದ ಮರದ ನಂದಿಯನ್ನು ತಂದು, "ಇದಕ್ಕೆ ಮುನ್ನೂರು ವರ್ಷ," ಎಂದರು.

ಪಕ್ಕದಲ್ಲಿದ್ದ ಕೆತ್ತನೆಯ ಆಚಾರ್ರು ತಡೆಯಲಾರದೆ, "ಅಲ್ಲ ಸಾಹುಕಾರ್ರೇ, ನನ್ನ ಮಗಳ ಮದುವೆ ವರ್ಷ ನಾನೇ ಕೆತ್ತಿದ್ದು," ಎಂದರು.

ಸಾಹುಕಾರರು ಅಳುಕಲೇ ಇಲ್ಲ. "ಕೆತ್ತಿದ್ದು ನೀನಾಗಿರಬಹುದು ಮಾರಾಯಾ, ಮರ ಬೆಳೆಸಿದ್ದು ನೀನೋ?"

ಹನ್ನೊಂದು ಸೆಕೆಂಡು

ಕೆಲವು ವರ್ಷಗಳ ನಂತರ ವಿಗ್ರಹಗಳ್ಳತನದ ಬಗ್ಗೆ ಒಂದು ಜಾಗೃತಿ ಚಿತ್ರ ಮಾಡಿದೆವು. ಸಾಹುಕಾರರು 'ವಿಗ್ರಹ' ಎಂಬಷ್ಟನ್ನೇ ಕೇಳಿಸಿಕೊಂಡು ಬಂದಿದ್ದರು. ತಮ್ಮ ಸಂಗ್ರಹದ ಗಣಪತಿಯನ್ನು ಎದೆಗಪ್ಪಿ ನಕ್ಕರು, ಶಾಟ್ ತೆಗೆದುಕೊಂಡೆ. ಹುಬ್ಬಳ್ಳಿಯಲ್ಲಿ ಎಡಿಟ್ ಮಾಡಿದವನಿಗೆ ಇವರು ಯಾರೆಂದು ಗೊತ್ತಿರಲಿಲ್ಲ.

ಶಿರಸಿಯಲ್ಲಿ ಪ್ರದರ್ಶನ. ಮುಂದಿನ ಸಾಲಿನಲ್ಲಿ ಸಾಹುಕಾರರು, ಪಕ್ಕದಲ್ಲಿ ಪೊಲೀಸ್ ಇನ್ಸ್‌ಪೆಕ್ಟರು. ಹಿನ್ನೆಲೆ ದನಿ ಗಂಭೀರವಾಗಿ, "ಇಂಥ ಕಳ್ಳರು ಸಭ್ಯರ ವೇಷದಲ್ಲಿ ನಮ್ಮ ನಡುವೆಯೇ ಇರುತ್ತಾರೆ," ಎನ್ನುತ್ತಿದ್ದಂತೆ ಪರದೆಯ ತುಂಬ ಸಾಹುಕಾರರ ನಗು! ಇನ್ಸ್‌ಪೆಕ್ಟರು ನಿಧಾನಕ್ಕೆ ಅವರತ್ತ ತಿರುಗಿದರು. ನಾನು ಹಿಂಬಾಗಿಲಿನಿಂದ ಜಾರಿಕೊಂಡೆ.

ಮರುದಿನ ಸಾಹುಕಾರರು ಮನೆಗೆ ಬರಹೇಳಿದರು. ಇನ್ನು ಈ ಊರಲ್ಲಿ ನನ್ನ ಅನ್ನ ಮುಗಿಯಿತು ಅಂದುಕೊಂಡೇ ಹೋದೆ.

"ತಮಾ, ಪಿಚ್ಚರಲ್ಲಿ ಆನು ಎಷ್ಟು ಸೆಕೆಂಡು ಕಾಣ್ತೆ?" ತಮ್ಮ ಎದೆ ಮುಟ್ಟಿಕೊಂಡು ಹವಿಗನ್ನಡದಲ್ಲಿ ಕೇಳಿದರು.

"ಹನ್ನೊಂದು," ಎಂದೆ.

"ಕಳ್ಳ?"

"ಕಳ್ಳ ಎಲ್ಲೂ ಇಲ್ಲೆ. ನಿಂಗೊಬ್ರೇ."

ಅವರ ಮುಖ ಅರಳಿತು. "ಹಂಗಾರೆ ಹೀರೋ ಆನೇ ಆತಲಾ!"