ಮಾವನ ಕುಲೆಗೆ ಅಪ್‌ಡೇಟ್

ನನ್ನ ಸೋದರಮಾವನಷ್ಟು ಧೈರ್ಯಶಾಲಿ ಇಡೀ ಬೆಳ್ತಂಗಡಿ ತಾಲೂಕಿನಲ್ಲಿ ಇನ್ನೊಬ್ಬರಿಲ್ಲ, ಜಿರಳೆ ಎದುರಾಗದಿದ್ದರೆ! ಇಂಥ ವೀರಾಗ್ರಣಿ ಅರುವತ್ತರ ಅಂಚಿನಲ್ಲಿ, ಕೈಯಲ್ಲಿ ಹಿಡಿದು ಆಡುವ ಗೇಮ್ ಯಂತ್ರವೊಂದನ್ನು ಕೊಂಡು, ಅದರಲ್ಲಿ ದೆವ್ವದ ಆಟವನ್ನೇ ಹಿಡಿದು ಕೂತರೆ ನೀವೇನನ್ನುತ್ತೀರಿ? ನಮ್ಮ ಅತ್ತೆ ಅಂದದ್ದನ್ನು ಇಲ್ಲಿ ಬರೆಯುವ ಹಾಗಿಲ್ಲ.

ಆಟ ಸರಳ. ಒಂದು ಪಾಳು ಆಸ್ಪತ್ರೆ, ಒಳಗೆ ನರ್ಸಮ್ಮನ ಪ್ರೇತ. ನಮ್ಮ ಕಡೆಯ ಮಾತಿನಲ್ಲಿ ಕುಲೆ. ಅದರ ಕೈಗೆ ಸಿಗದೆ ಹೊರಬಾಗಿಲು ತೆರೆಯಬೇಕು. ಆದರೆ ಮಾವ ಓಡುವವರೇ? ಕುಲೆಗೆ ಬಡಿಸಿದರೆ ಉಂಡು ಸುಮ್ಮನೆ ಹೋಗುತ್ತದೆ ಎಂದು ನಂಬಿ ಬೆಳೆದವರು. ಆಟದಲ್ಲಿ ಹೆಕ್ಕಿದ ಬ್ರೆಡ್ಡು, ಔಷಧಿ, ಕೊನೆಗೆ ಟಾರ್ಚನ್ನೂ ಅದರ ಮುಂದಿಟ್ಟು ಕಾದರು. ಕುಲೆ ಬ್ರೆಡ್ಡನ್ನು ಬಿಟ್ಟು ಮಾವನ ಕುತ್ತಿಗೆಗೇ ಬಾಯಿ ಹಾಕಿತು.

“ಫಾರಿನ್ ಕುಲೆ, ಮಾರಾಯ. ಬಡಿಸಿದ್ರೂ ಗೊತ್ತಾಗುವುದಿಲ್ಲ,” ಎಂದರು ಮಾವ.

ಇನ್ನೊಮ್ಮೆ ಅಳದಂಗಡಿಯ ಬಸ್ಸಿನಲ್ಲಿ ಆಡುತ್ತಾ, “ಅಯ್ಯಯ್ಯೋ, ಹಿಂದೆಯೇ ಬಂತು!” ಎಂದು ಕಿರುಚಿದರು. ಡ್ರೈವರ್ ಗಕ್ಕನೆ ಬ್ರೇಕ್ ಹಾಕಿದ. ಕಂಡಕ್ಟರ್ ಇಳಿದು ಬಸ್ಸಿನ ಹಿಂದೆಲ್ಲ ಹುಡುಕಿ ಬಂದು, “ಯಾರೂ ಇಲ್ಲ ಅಣ್ಣ,” ಎಂದ.

“ಈಗ ಇಲ್ಲ. ನನ್ನನ್ನು ಕೊಂದು ಆಯ್ತು,” ಎಂದರು ಮಾವ.

ಇಷ್ಟಾದರೂ ಅವರ ತಕರಾರು ದೆವ್ವದ ಮೇಲಲ್ಲ, ಅದರ ನಿಧಾನದ ಮೇಲೆ! ಯಂತ್ರ ಸಣ್ಣದು, ಆಟ ಭಾರದ್ದು. ಅಟ್ಟಿಸಿಕೊಂಡು ಬಂದ ಕುಲೆ ನಡುವೆ ಸಿಕ್ಕಿಕೊಂಡು, ಒಂದು ಕಾಲೆತ್ತಿ ಹಾಗೆಯೇ ನಿಂತುಬಿಡುತ್ತಿತ್ತು. ಹೆದರಲು ತಯಾರಾದ ಮಾವನಿಗೆ ರಸಭಂಗ. ಕಂಪೆನಿಗೆ ನನ್ನಿಂದ ಮೇಲಿಂದ ಮೇಲೆ ಇಮೇಲ್ ಬರೆಸಿದರು: “ಮಾನ್ಯರೇ, ತಮ್ಮ ದೆವ್ವಕ್ಕೆ ಸಂಧಿವಾತ ಇರುವಂತಿದೆ. ದಯವಿಟ್ಟು ಗಮನಿಸಬೇಕು.” ಅದನ್ನು ಇಂಗ್ಲಿಷಿಗೆ ತರುವಷ್ಟರಲ್ಲಿ ನನಗೇ ಬೆವರಿಳಿಯಿತು.

ಈ ನಡುವೆ ಅತ್ತೆಗೆ ಪಾರ್ಶ್ವವಾಯು ಬಡಿಯಿತು. ಮಾತು ಮರಳಿತು, ಬಲಗೈ ಮರಳಲಿಲ್ಲ. ಬೆರಳುಗಳಿಗೆ ಕೆಲಸ ಕೊಡಬೇಕೆಂದು ಡಾಕ್ಟರು ಒತ್ತಲು ಹೇಳಿದ ಚೆಂಡನ್ನು ಅತ್ತೆ ಎಡಗೈಯಲ್ಲಿ ಮಾವನತ್ತ ಎಸೆಯುತ್ತಿದ್ದರು. ಗುರಿ ತಪ್ಪುತ್ತಿರಲಿಲ್ಲ.

ಮೊನ್ನೆ ಫೋನಿನಲ್ಲಿ ಸುದ್ದಿ ಕಂಡೆ. ಆಟಕ್ಕೆ ಅಪ್‌ಡೇಟ್ ಬಂದಿದೆ, ಇನ್ನು ದೆವ್ವ ಎಲ್ಲೂ ಸಿಕ್ಕಿಕೊಳ್ಳದೆ ಸರಾಗ ಓಡುತ್ತದೆ! ಮಾವನಿಗೆ ಇಷ್ಟಾದರೂ ಖುಷಿಯಾಗಲಿ ಎಂದು ಅವರ ಮನೆಗೆ ಓಡಿದೆ.

“ಮಾವ, ಈಗಲೇ ಹಾಕಿಬಿಡುವ!”

“ಬೇಡ. ಮುಟ್ಬೇಡ ಅದನ್ನು.”

“ಅಷ್ಟು ಇಮೇಲ್ ಬರೆಸಿದ್ದು ಎಂತಕ್ಕೆ ಮತ್ತೆ?”

ಮಾವ ಬಾಯಿಗೆ ಬೆರಳಿಟ್ಟು ಒಳಗೆ ತೋರಿಸಿದರು. ಕುರ್ಚಿಯಲ್ಲಿ ಅತ್ತೆ, ಎರಡೂ ಕೈಯಲ್ಲಿ ಆ ಯಂತ್ರ. ಬಲಗೈಯ ಹೆಬ್ಬೆರಳು ನಡುಗುತ್ತಾ ಗುಂಡಿಯ ಕಡೆಗೆ ಹೊರಟಿತ್ತು. ತೆರೆಯ ಮೇಲೆ ಕುಲೆ ಕಾಲೆತ್ತಿ ನಿಂತಿತ್ತು.

“ನಿನ್ನ ಅತ್ತೆ ಇವತ್ತು ಹೊರಬಾಗಿಲಿನ ತನಕ ಬಂದಿದ್ದಾಳೆ,” ಮಾವ ಪಿಸುಗುಟ್ಟಿದರು. “ಕುಲೆ ಅಲ್ಲೇ ನಿಲ್ಲಲಿ, ಮಾರಾಯ.”

ಹೆಬ್ಬೆರಳು ಗುಂಡಿ ಮುಟ್ಟಿತು. ಒತ್ತಿತು. ಬಾಗಿಲು ತೆರೆಯಿತು.

ಅತ್ತೆ ತಲೆಯೆತ್ತಿ, “ಎಂತ ನೋಡುವುದು ಇಬ್ಬರೂ? ಚಾ ಇಡಿ,” ಎಂದರು.

ಇಡುವುದು ಯಾರು! ಮಾವ ಅಳುತ್ತಿದ್ದರು, ನಾನೂ.