ಮಾಯನ್ನರ ಕಾಲುವೆಯಲ್ಲಿ ನನ್ನ ಎಣ್ಣೆತಲೆ

ಸಮುದ್ರದ ಪಕ್ಕದಲ್ಲಿ ಮನೆ ಮಾಡಿಕೊಂಡು ನೀರಿಗೆ ಹೆದರುವವರು ಜಗತ್ತಿನಲ್ಲಿ ಎಷ್ಟು ಮಂದಿ ಇದ್ದಾರೋ ನನಗೆ ಗೊತ್ತಿಲ್ಲ. ಒಬ್ಬಳಂತೂ ಇದ್ದೇನೆ. ಅಡಿಲೇಡಿನ ಗ್ಲೆನೆಲ್ಗ್‌ನಲ್ಲಿ, ಜೆಟ್ಟಿಯಿಂದ ಐದು ನಿಮಿಷದ ದಾರಿಯಲ್ಲಿ ನಮ್ಮ ಮನೆ. ಬಾಲ್ಕನಿಯಲ್ಲಿ ನಿಂತು ಕತ್ತನ್ನು ಸ್ವಲ್ಪ ಎಡಕ್ಕೆ ಚಾಚಿದರೆ ಸಮುದ್ರ ಕಾಣುತ್ತದೆ. ಹದಿನೈದು ವರ್ಷದಿಂದ ಅದನ್ನು ಹಾಗೆ ಕತ್ತು ಚಾಚಿ ನೋಡಿದ್ದೇನೆಯೇ ಹೊರತು ಮೊಣಕಾಲಿನಿಂದ ಮೇಲಕ್ಕೆ ಒದ್ದೆ ಮಾಡಿಕೊಂಡವಳಲ್ಲ. ಇನ್ನೂ ನಾಚಿಕೆಗೇಡಿನ ಸಂಗತಿಯೆಂದರೆ ನಾನು ಡಾಕ್ಟರು. ಕ್ಲಿನಿಕ್ಕಿಗೆ ಮಂಡಿನೋವು ಎಂದು ಬರಲಿ, ಸೊಂಟನೋವು ಎಂದು ಬರಲಿ, ಮನಸ್ಸಿಗೆ ಯಾಕೋ ಬೇಜಾರು ಎಂದು ಬರಲಿ, "ಸ್ವಲ್ಪ ಈಜಿ ನೋಡಿ, ಎಷ್ಟು ಹಗುರವಾಗುತ್ತೆ" ಎಂದು ಉಪದೇಶ ಮಾಡುತ್ತೇನೆ. ಹೇಳೋದು ಶಾಸ್ತ್ರ, ಇಕ್ಕೋದು ಗಾಳ. ಒಮ್ಮೆ ಎಂಬತ್ತರ ಹತ್ತಿರದ ಅಜ್ಜನೊಬ್ಬ, "ನೀವು ಎಲ್ಲಿ ಈಜ್ತೀರಿ ಡಾಕ್ಟರೇ?" ಎಂದು ಕೇಳಿಬಿಟ್ಟ. "ಇಲ್ಲೇ, ಜೆಟ್ಟಿ ಹತ್ತಿರ" ಎಂದೆ. ಪಾಪ, ಆವತ್ತಿನಿಂದ ದಿನಾ ಬೆಳಿಗ್ಗೆ ಅಲ್ಲಿ ಈಜುತ್ತಾ ನನ್ನನ್ನು ಹುಡುಕುತ್ತಾನಂತೆ.

ಅಜ್ಜನಿಗೆ ಸುಳ್ಳು ಹೇಳಿದ್ದು ಒಂದೇ ಸಲ. ಮಗಳಿಗೆ ಹೇಳಿದ್ದಕ್ಕೆ ಲೆಕ್ಕವಿಲ್ಲ. ಇಂಚರ ನಡೆಯುವುದಕ್ಕಿಂತ ಮುಂಚೆ ಈಜು ಕಲಿತಳೇನೋ ಎನ್ನುವಂಥ ಹುಡುಗಿ. ಪ್ರತಿ ಬೇಸಿಗೆಯಲ್ಲೂ ನೀರಿನೊಳಗಿಂದ "ಅಮ್ಮಾ, ಕಮ್ ಇನ್!" ಎಂದು ಕೂಗುತ್ತಿದ್ದಳು. ನಾನು ಮರಳಿನ ಮೇಲೆ ಟವೆಲ್ಲು, ಫ್ಲಾಸ್ಕು, ಖಾರದ ಅವಲಕ್ಕಿ ಡಬ್ಬಿಗಳ ನಡುವೆ ಕೂತು ಒಂದೊಂದು ನೆಪ ಹೇಳುತ್ತಿದ್ದೆ. ನೀರು ತಣ್ಣಗಿದೆ. ಗಂಟಲು ಕೆರೆಯುತ್ತಿದೆ. ಬ್ಯಾಗು ಯಾರು ಕಾಯುತ್ತಾರೆ? ಇವತ್ತು ತಲೆಗೆ ಎಣ್ಣೆ ಹಚ್ಚಿದ್ದೇನೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ, ನಾನು ಇಡೀ ಸಮುದ್ರವನ್ನೇ ಡೊಂಕು ಮಾಡಿದ್ದೆ. ಹತ್ತು ವರ್ಷ ತುಂಬುವ ಹೊತ್ತಿಗೆ ಅವಳು ಕರೆಯುವುದನ್ನು ನಿಲ್ಲಿಸಿದಳು. ಆಗ ನನಗೆ ಬಿಡುಗಡೆಯಾಯಿತು ಅನ್ನಿಸಿತ್ತು. ಎಂಥ ದಡ್ಡಿ ನಾನು!

ಹೋದ ವರ್ಷ ಅವಳ ಹನ್ನೆರಡನೇ ತರಗತಿ ಮುಗಿಯಿತು. ಬ್ರಿಸ್ಬೇನಿನಲ್ಲಿ ಪರಿಸರ ವಿಜ್ಞಾನ ಓದಲು ಸೀಟೂ ಸಿಕ್ಕಿತು. ಸ್ಪ್ರಿಂಗ್‌ಫೀಲ್ಡ್ ಲೇಕ್ಸ್‌ನಲ್ಲಿ ಗೆಳತಿಯ ಜೊತೆ ಒಂದು ರೂಮು, ಅಲ್ಲಿಂದ ದಿನಾ ರೈಲು. ಹೊರಡುವ ಮೊದಲು ಏನು ಬೇಕು ಕೇಳು ಎಂದೆವು. ಬೇರೆ ಮಕ್ಕಳು ಕಾರು ಕೇಳುತ್ತವೆ. ಇವಳು ಕೇಳಿದ್ದು ಕಾಲುವೆ. ಮೆಕ್ಸಿಕೋದಲ್ಲಿ ಎರಡು ಸರೋವರಗಳನ್ನು ಸೇರಿಸಿ ಮಾಯನ್ನರು ತೋಡಿದ ಕಾಲುವೆ ಇದೆಯಂತೆ. ಸುತ್ತ ಮೈಲುಗಟ್ಟಲೆ ಜವುಗು, ಮ್ಯಾಂಗ್ರೋವ್ ಎನ್ನುತ್ತಾರಲ್ಲ, ಆ ಕಾಂಡ್ಲಾ ಕಾಡು. ದೋಣಿಯಲ್ಲಿ ಕರೆದುಕೊಂಡು ಹೋಗಿ, ಕೊನೆಗೆ ಕಾಲುವೆಯಲ್ಲಿ ಇಳಿಸಿ ತೇಲಲು ಬಿಡುತ್ತಾರಂತೆ. "ಯೂ ಅಂಡ್ ಮಿ, ಅಮ್ಮಾ" ಎಂದಳು. ಎಂಟು ವರ್ಷದ ನಂತರ ಮತ್ತೆ ಕರೆದಿದ್ದಳು. ನನ್ನ ಬಾಯಿಂದ "ಆಯ್ತು, ಇಳೀತೀನಿ" ಎಂದು ಹೊರಟುಬಿಟ್ಟಿತು. ಅವಳು ನನ್ನನ್ನೇ ನೋಡಿ, "ಪ್ರಾಮಿಸ್?" ಎಂದಳು. "ಪ್ರಾಮಿಸ್" ಎಂದೆ. ನನ್ನ ಗಂಡನಿಗೆ ಆಸ್ಪತ್ರೆಯಲ್ಲಿ ರಜೆ ಸಿಗುವ ಹಾಗಿರಲಿಲ್ಲ. ಪಕ್ಕದಲ್ಲಿ ಕೂತಿದ್ದ ಅವರು ಕೇಳಿದ್ದು ಒಂದೇ ಪ್ರಶ್ನೆ: "ಅಲ್ಲಿ ಮೊಸಳೆ ಇದೆಯಾ?"

ಪರ್ತ್‌ನ ವಿಲೆಟನ್‌ನಲ್ಲಿರುವ ನನ್ನ ಅಕ್ಕ ವಸುಧಾಳಿಗೆ ಫೋನಿನಲ್ಲಿ ವಿಷಯ ಹೇಳಿದಾಗ ಅವಳು ನಕ್ಕಿದ್ದು ಮೂರು ನಿಮಿಷ. "ನೀನಾ? ನೀರಿಗಾ? ಶವರ್ ಕೆಳಗೆ ನಿಂತ್ರೂ ಉಸಿರುಕಟ್ಕೊಳ್ಳೋಳು!" ನಕ್ಕು ಮುಗಿಸಿದ ಮೇಲೆ, ಅಕ್ಕಂದಿರ ಪದ್ಧತಿಯಂತೆ ಬುದ್ಧಿ ಹೇಳಿದಳು. "ನೋಡೇ, ಇಳಿಯೋದಾದ್ರೆ ಬೆಳಿಗ್ಗೇನೇ ತಲೆಗೆ ಚೆನ್ನಾಗಿ ಕೊಬ್ಬರಿ ಎಣ್ಣೆ ತಟ್ಕೊಂಡ್ಬಿಡು. ಉಪ್ಪುನೀರು ಕೂದಲನ್ನ ತಿಂದಾಕ್ಬಿಡತ್ತೆ. ನಿಂಗೆ ಉಳಿದಿರೋದೇ ಅಷ್ಟು." ನಾನು ಹೂಂಗುಟ್ಟಿದೆ. ನಮ್ಮ ಮನೆಯಲ್ಲಿ ಅಕ್ಕನ ಮಾತನ್ನು ಮೀರುವ ಅಭ್ಯಾಸವಿಲ್ಲ.

ಹಾಗಾಗಿ ಮೆಕ್ಸಿಕೋದ ಹೋಟೆಲಿನಲ್ಲಿ, ಆ ದಿನ ಬೆಳಿಗ್ಗೆ ಬೇಗನೆ ಎದ್ದು, ಅಡಿಲೇಡಿನಿಂದ ಮೂರು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ತಂದಿದ್ದ ಬಾಟಲಿ ಬಿಚ್ಚಿ ಕೊಬ್ಬರಿ ಎಣ್ಣೆಯನ್ನು ನೆತ್ತಿಯಿಂದ ತುದಿಯವರೆಗೆ ತಟ್ಟಿಕೊಂಡು, ಬಿಗಿಯಾಗಿ ಜಡೆ ಹೆಣೆದು, ಮೇಲೊಂದು ಟೋಪಿ ಹಾಕಿಕೊಂಡೆ. ನಂಬಿ, ಜನ್ಮದಲ್ಲಿ ಮೊದಲ ಬಾರಿಗೆ ನೀರಿಗೆ ಇಳಿಯುವುದಕ್ಕೋಸ್ಕರ ಎಣ್ಣೆ ಹಚ್ಚಿದ್ದೆ. ಅದುವರೆಗೆ ಹಚ್ಚಿದ್ದೆಲ್ಲ ಇಳಿಯದಿರುವುದಕ್ಕೆ.

ದೋಣಿಕಟ್ಟೆಯಲ್ಲಿ ನಮಗೆ ಸಿಕ್ಕ ಗೈಡ್ ಇತ್ಸೆಲ್ ಎಂಬ ಮಾಯನ್ ಹೆಂಗಸು. ಗಿಡ್ಡಗೆ, ಗಟ್ಟಿಮುಟ್ಟಾಗಿ, ನಮ್ಮ ಹೈಸ್ಕೂಲಿನ ಪಿ.ಟಿ. ಮೇಡಂ ಥರ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು. ನಮ್ಮ ಜೊತೆಗೆ ಬೇರೆ ಬೇರೆ ದೇಶದ ಇನ್ನೂ ಆರು ಜನ. "ಮೈಮೇಲೆ ಸನ್‌ಸ್ಕ್ರೀನ್, ಸೊಳ್ಳೆ ಕ್ರೀಮು, ಲೋಷನ್ ಯಾರಿಗಾದರೂ ಇದೆಯಾ? ಇದ್ದರೆ ನೀರಿಗೆ ಇಳಿಯುವ ಹಾಗಿಲ್ಲ. ಈ ನೀರನ್ನು ನಂಬಿ ಮೀನು, ಗಿಡ, ನಮ್ಮ ಹಳ್ಳಿ ಎಲ್ಲ ಬದುಕಿದೆ" ಎಂದಳು. ನಾನು ಎಲ್ಲರಿಗಿಂತ ಜೋರಾಗಿ, "ಇಲ್ಲ!" ಎಂದೆ. ಸುಳ್ಳಲ್ಲ. ತಲೆಯೆಣ್ಣೆ ಲೋಷನ್ನಿನ ಪಟ್ಟಿಯಲ್ಲಿ ಬರುತ್ತದೆಂದು ನನ್ನ ವಂಶದಲ್ಲಿ ಯಾರಿಗೂ ಗೊತ್ತಿಲ್ಲ, ಅದು ತಲೆಯ ಭಾಗವೇ. ಇತ್ಸೆಲ್ ನನ್ನ ಹತ್ತಿರ ಬಂದು ಮೂಗರಳಿಸಿದಳು. ಟೋಪಿ ತೆಗೆಯಲು ಹೇಳಿದಳು. ಬೆಳಗಿನ ಬಿಸಿಲಿಗೆ ನನ್ನ ತಲೆ ಫಳಫಳ ಹೊಳೆಯಿತು. "ತೆಂಗಿನೆಣ್ಣೆ" ಎಂದಳು. "ಬೇಜಾರು ಮಾಡಿಕೊಳ್ಳಬೇಡಿ, ನೀವು ದೋಣಿಯಲ್ಲೇ ಕೂತಿರಿ."

ನಾನು ಇಂಗು ತಿಂದ ಮಂಗನ ಹಾಗೆ ನಿಂತೆ. ಹಳೆಯ ನಾನಾಗಿದ್ದರೆ ಒಳಗೊಳಗೇ ಹಾಲು ಕುಡಿದಷ್ಟು ಹಿಗ್ಗುತ್ತಿದ್ದೆ. ಸರ್ಕಾರದ ಮೊಹರು ಬಿದ್ದ ನೆಪ, ಯಾರಿಗುಂಟು ಯಾರಿಗಿಲ್ಲ? ಆದರೆ ಇಂಚರಳ ಮುಖ ನೋಡಿದೆ. ಅವಳಿಗೆ ಸಿಟ್ಟು ಬಂದಿದ್ದರೆ ಸಹಿಸಬಹುದಿತ್ತು. ಸಿಟ್ಟಿರಲಿಲ್ಲ. "ಇಟ್ಸ್ ಓಕೆ ಅಮ್ಮಾ. ಐ ನ್ಯೂ ಇಟ್" ಎಂದು ಮೆಲ್ಲಗೆ ಹೇಳಿ ಲೈಫ್ ಜಾಕೆಟ್ಟುಗಳ ರಾಶಿಯ ಕಡೆ ತಿರುಗಿದಳು. ಒಂದೇ ಒಂದು ಜಾಕೆಟ್ ಎತ್ತಿಕೊಂಡಳು. ಇನ್ನು ಹತ್ತು ದಿನಕ್ಕೆ ಬ್ರಿಸ್ಬೇನಿಗೆ ಹೋಗುವ ಹುಡುಗಿ, ನಮ್ಮಮ್ಮ ಒಂದು ದಿನವೂ ನನ್ನ ಜೊತೆ ನೀರಿಗಿಳಿಯಲಿಲ್ಲ ಎಂಬುದನ್ನು ಗಂಟು ಕಟ್ಟಿಕೊಂಡು ಹೋಗುತ್ತಾಳಲ್ಲ! ಅತ್ತುಬಿಡೋಣ ಅನ್ನಿಸಿತು.

ತಲೆ ತೊಳೆದುಕೊಳ್ಳುತ್ತೇನೆ ಎಂದೆ. ಸೋಪು, ಶಾಂಪೂ ಇಲ್ಲಿ ಕೂಡದು ಎಂದಳು ಇತ್ಸೆಲ್. ಬರೀ ನೀರಿಗೆ ಕೊಬ್ಬರಿ ಎಣ್ಣೆ ಬಿಡುತ್ತದೆಯೇ? ಸುತ್ತ ನೋಡಿದೆ. ಟಿಕೆಟ್ ಕೊಡುವಲ್ಲಿ ಒಂದು ಚಪ್ಪರ, ಅದರಡಿ ವಯಸ್ಸಾದ ಹೆಂಗಸೊಬ್ಬಳು ಮೆಕ್ಕೆಜೋಳದ ರೊಟ್ಟಿ ತಟ್ಟುತ್ತಿದ್ದಳು. ಪಕ್ಕದಲ್ಲಿ ಒಣಹಿಟ್ಟಿನ ಚೀಲ. ಹಿಟ್ಟು! ನರಕ ಚತುರ್ದಶಿಯ ಬೆಳಿಗ್ಗೆ ನಮ್ಮಜ್ಜಿ ನಮ್ಮನ್ನೆಲ್ಲ ಸಾಲಾಗಿ ಮಣೆಯ ಮೇಲೆ ಕೂರಿಸಿ, ತಲೆಯೆಣ್ಣೆಯನ್ನು ಬಿಡಿಸುತ್ತಿದ್ದದ್ದು ಶಾಂಪೂವಿನಿಂದಲೇ? ಕಡಲೆಹಿಟ್ಟಿನಿಂದ. ಕಡಲೆಯಾದರೇನು, ಜೋಳವಾದರೇನು, ಹಿಟ್ಟು ಹಿಟ್ಟೇ ಎಂದು ನಾನು ಆ ಹೆಂಗಸಿನ ಮುಂದೆ ಹೋಗಿ, ಚೀಲ ತೋರಿಸಿ, ನನ್ನ ತಲೆ ತೋರಿಸಿ, ಎರಡೂ ಕೈಯಿಂದ ಗಸಗಸ ಉಜ್ಜುವ ಅಭಿನಯ ಮಾಡಿದೆ. ಅವಳು ಮೊದಲು ಹೆದರಿದಳು. ಇತ್ಸೆಲ್ ತಮ್ಮ ಭಾಷೆಯಲ್ಲಿ ಏನೋ ಹೇಳಿದ ಮೇಲೆ ಸೆರಗಿಲ್ಲದಿದ್ದರೂ ಸೆರಗು ಬಾಯಿಗೆ ಅಡ್ಡ ಹಿಡಿದವಳ ಹಾಗೆ ಕೈ ಅಡ್ಡ ಹಿಡಿದು ನಕ್ಕು, ಎರಡು ಬೊಗಸೆ ಹಿಟ್ಟು ಕೊಟ್ಟಳು. ನೀರಿನಿಂದ ದೂರ, ಚಪ್ಪರದ ಹಿಂದಿನ ಬಾಳೆಗಿಡದ ಬುಡದಲ್ಲಿ ಕುಕ್ಕರುಗಾಲಿನಲ್ಲಿ ಕೂತು ಜಡೆ ಬಿಚ್ಚಿದೆ.

ಹಿಂದಿನಿಂದ ಯಾರೋ ಬಂದು ಹಿಟ್ಟು ಕಿತ್ತುಕೊಂಡರು. ಇಂಚರ. "ಅಮ್ಮಾ, ಆರ್ ಯೂ ಸೀರಿಯಸ್?" ಎಂದಳು. "ಸೀರಿಯಸ್ಸೂ ಇಲ್ಲ ಏನೂ ಇಲ್ಲ, ಉಜ್ಜೇ ಬೇಗ, ದೋಣಿ ಹೊರಡ್ಬಿಡತ್ತೆ!" ಎಂದು ಗದರಿದೆ. ಅವಳು ಉಜ್ಜಿದಳು. ನಾನು ಅವಳಿಗೆ ಚಿಕ್ಕಂದಿನಲ್ಲಿ ಉಜ್ಜಿದ್ದಕ್ಕೆಲ್ಲ ಸೇಡು ತೀರಿಸಿಕೊಳ್ಳುವ ಹಾಗೆ ಉಜ್ಜಿದಳು, ನಗುತ್ತಾ. ಬಕೆಟ್ಟಿನ ನೀರು ಸುರಿದಿದ್ದಾಯಿತು. ಇತ್ಸೆಲ್ ಬಂದು ನನ್ನ ನೆತ್ತಿಗೆ ಟಿಶ್ಯೂ ಕಾಗದ ಒತ್ತಿ ಬೆಳಕಿಗೆ ಹಿಡಿದು ನೋಡಿದಳು. ನಾನು ರೋಗಿಗಳ ರಿಪೋರ್ಟು ಎಷ್ಟೋ ನೋಡಿದ್ದೇನೆ, ರಿಪೋರ್ಟಿಗೆ ಕಾಯುವವರ ಎದೆ ಹೇಗೆ ಹೊಡೆದುಕೊಳ್ಳುತ್ತದೆ ಎಂದು ಆಗ ಗೊತ್ತಾಯಿತು. ಫೇಲು. ಎರಡನೇ ಸುತ್ತಿಗೆ ರೊಟ್ಟಿ ಹೆಂಗಸೇ ಬಂದು ಕೈಹಾಕಿದಳು. ಅಷ್ಟರಲ್ಲಿ ಇತ್ಸೆಲ್ ಎಲ್ಲರಿಗೂ ಸುರಕ್ಷತೆಯ ಪಾಠ ಶುರು ಮಾಡಿದ್ದರಿಂದ ನಮ್ಮಿಬ್ಬರ ಪರವಾಗಿ ಇಂಚರ ಹೋಗಿ ಕೇಳಿಕೊಂಡು ಬಂದಳು. "ಏನಂದ್ಳೇ?" ಎಂದೆ, ಕಣ್ಣಿಗೆ ಹಿಟ್ಟುನೀರು ಇಳಿಸಿಕೊಳ್ಳುತ್ತಾ. "ನಥಿಂಗ್ ಮಚ್" ಎಂದಳು. ಎರಡನೇ ಟಿಶ್ಯೂ ಒದ್ದೆಯಾಯಿತೇ ಹೊರತು ಜಿಡ್ಡಾಗಲಿಲ್ಲ. ಪಾಸು! ಉಳಿದ ಆರು ಜನ ಚಪ್ಪಾಳೆ ತಟ್ಟಿದರು. ಇಂಚರ ಓಡಿಹೋಗಿ ರಾಶಿಯಿಂದ ಇನ್ನೊಂದು ಜಾಕೆಟ್ ತಂದಳು.

ದೋಣಿ ಮೊದಲ ಸರೋವರವನ್ನು ದಾಟಿತು. ಕೈಯದ್ದಿ ತುಟಿಗೆ ಮುಟ್ಟಿಸಿಕೊಂಡೆ. ಸಿಹಿನೀರು. ಉಪ್ಪಿನ ಸುಳಿವೇ ಇಲ್ಲ. ವಸುಧಕ್ಕನಿಗೆ ಮನಸ್ಸಿನಲ್ಲೇ ನಾಲ್ಕು ಮಾತು ಹೇಳಿದೆ. ಆಮೇಲೆ ಕಾಂಡ್ಲಾ ಗಿಡಗಳ ನಡುವೆ ಕಾಲುವೆ ತೆರೆದುಕೊಂಡಿತು. ಸಾವಿರ ವರ್ಷಕ್ಕೂ ಹಿಂದೆ ಉಪ್ಪು, ಜೇನು, ಕೋಕೋ ಸಾಗಿಸುವುದಕ್ಕೆ ಕೈಯಿಂದ ತೋಡಿದ್ದು ಎಂದಳು ಇತ್ಸೆಲ್. ದಡದಲ್ಲಿ ಕಲ್ಲಿನ ಪುಟ್ಟ ಕಟ್ಟಡ, ಅವರ ಕಾಲದ ಸುಂಕದಕಟ್ಟೆಯಂತೆ. ನಮ್ಮ ಬೀದಿಯಲ್ಲಿ ಹೋದ ವರ್ಷ ಅಗೆದ ಗುಂಡಿ ಇನ್ನೂ ಮುಚ್ಚಿಲ್ಲ, ಇವರ ಕೆಲಸ ನೋಡಿ ಅನ್ನಿಸಿತು. ಗಂಡನ ಪರವಾಗಿ ಮೊಸಳೆಯ ವಿಷಯವನ್ನೂ ಕೇಳಿದೆ. "ಇವೆ. ಆದರೆ ಅವು ನಿಮಗಿಂತ ಹೆಚ್ಚು ನಾಚುತ್ತವೆ" ಎಂದಳು.

ಲೈಫ್ ಜಾಕೆಟ್ಟನ್ನು ಇಲ್ಲಿ ಎದೆಗೆ ಹಾಕುವುದಿಲ್ಲ. ತಲೆಕೆಳಗು ಮಾಡಿ, ತೋಳು ಹಾಕುವ ತೂತಿಗೆ ಕಾಲು ತೂರಿಸಿ, ಸೊಂಟಕ್ಕೆ ಬಿಗಿದುಕೊಳ್ಳಬೇಕು. ಹಾಗಾದರೆ ಕುರ್ಚಿಯಲ್ಲಿ ಕೂತಂತೆ ತೇಲಬಹುದಂತೆ. ಐವತ್ತೊಂದು ವರ್ಷದ, ನಾಲ್ಕು ಜನರಲ್ಲಿ ಮರ್ಯಾದೆಯಿಂದ ಬಾಳುವ ನಾನು ಕಿತ್ತಳೆ ಬಣ್ಣದ ಲಂಗೋಟಿ ಬಿಗಿದುಕೊಂಡು ದೋಣಿಯ ಅಂಚಿನಲ್ಲಿ ನಿಂತೆ. ಮೊದಲೇ ಇಳಿದಿದ್ದ ಇಂಚರ ಕೈ ಚಾಚಿದಳು. ಕಣ್ಣು ಮುಚ್ಚಿ, ದೇವರ ಹೆಸರಿನಲ್ಲಿ ಯಾವುದು ನೆನಪಿಗೆ ಬಂತೋ ಅದನ್ನು ಕೂಗಿ ಇಳಿದೇಬಿಟ್ಟೆ.

ಮುಳುಗಲಿಲ್ಲ. ನೀರು ನನ್ನನ್ನು ಕೆಳಗಿನಿಂದ ಎತ್ತಿ ಹಿಡಿದು, ಯಾವ ಅವಸರವೂ ಇಲ್ಲದೆ ಮುಂದಕ್ಕೆ ಕರೆದುಕೊಂಡು ಹೊರಟಿತು. ಬಿಳಿಯ ಹಕ್ಕಿಯೊಂದು ಬೇರಿನ ಮೇಲೆ ಒಂಟಿಕಾಲಿನಲ್ಲಿ ನಿಂತು ನಮ್ಮಿಬ್ಬರನ್ನು ನೋಡಿತು. ನಾನು ಇಂಚರಳ ಕೈಯನ್ನು ಬಿ.ಪಿ. ನೋಡುವ ಪಟ್ಟಿಗಿಂತ ಬಿಗಿಯಾಗಿ ಹಿಡಿದಿದ್ದೆ. ಅವಳು ಬ್ರಿಸ್ಬೇನಿನ ರೂಮಿನ ಬಗ್ಗೆ, ಅಲ್ಲಿ ಅನ್ನ ಮಾಡಲು ನೀರಿನ ಅಳತೆ ಎಷ್ಟು ಎನ್ನುವುದರ ಬಗ್ಗೆ, ಹೊಸ ಊರಿನಲ್ಲಿ ಒಬ್ಬಳೇ ಇರಲು ಸ್ವಲ್ಪ ಭಯವಾಗುತ್ತದೆ ಎನ್ನುವುದರ ಬಗ್ಗೆ, ಮನೆಯಲ್ಲಿ ಒಂದು ವರ್ಷದಲ್ಲಿ ಆಡದಷ್ಟು ಮಾತಾಡಿದಳು. ಭಯ ಎಂದರೇನೆಂದು ನನಗೆ ಗೊತ್ತಿದ್ದರಿಂದ ಬುದ್ಧಿ ಹೇಳಲಿಲ್ಲ, ಸುಮ್ಮನೆ ಕೇಳಿದೆ. ಅಷ್ಟು ಸಂತೋಷ ನನಗೆ ಯಾವಾಗ ಆಗಿತ್ತೋ ನೆನಪಿಲ್ಲ.

ಅರ್ಧ ಗಂಟೆಯ ನಂತರ ಕಾಲುವೆ ಅಗಲವಾದ ಕಡೆ ದೋಣಿ ಕಾಯುತ್ತಿತ್ತು. "ಎದ್ದು ನಿಂತುಕೊಳ್ಳಿ" ಎಂದಳು ಇತ್ಸೆಲ್. ಎಲ್ಲಿ ನಿಲ್ಲುವುದು? ಹೆದರುತ್ತಲೇ ಕಾಲು ಕೆಳಗೆ ಬಿಟ್ಟೆ. ಮರಳು ಸಿಕ್ಕಿತು. ನೀರು ಸೊಂಟದ ಮೇಲೆ ನಾಲ್ಕು ಬೆರಳು, ಅಷ್ಟೇ. "ಇಲ್ಲಿ ಮಾತ್ರ ಹೀಗಾ?" ಎಂದು ಕೇಳಿದೆ. "ದಾರಿಯುದ್ದಕ್ಕೂ ಹೀಗೇ. ಎಲ್ಲಿ ಬೇಕಾದರೂ ನಿಲ್ಲಬಹುದಿತ್ತು. ಹೊರಡುವ ಮುಂಚೆ ಎಲ್ಲರಿಗೂ ಹೇಳಿದೆನಲ್ಲ" ಎಂದಳು ಇತ್ಸೆಲ್.

ನಾನು ಮಗಳ ಕಡೆ ತಿರುಗಿದೆ. "ನಿಂಗೆ ಗೊತ್ತಿತ್ತಾ?"

"ಯಾ."

"ಮತ್ಯಾಕೆ ಹೇಳ್ಲಿಲ್ಲ? ಜೀವ ಬಾಯಿಗೆ ಬಂದಿತ್ತಲ್ಲೇ ನಂಗೆ!"

ಅವಳು ನೀರನ್ನು ನೋಡುತ್ತಾ, "ಹೇಳಿದ್ರೆ ನೀನು ಕೈ ಬಿಟ್ಬಿಡ್ತಿದ್ದೆ" ಎಂದಳು.

ದೋಣಿಗೆ ಹತ್ತಲು ಕಬ್ಬಿಣದ ಪುಟ್ಟ ಏಣಿಯಿತ್ತು. ಎರಡೂ ಕೈಯಿಂದ ಹಿಡಿದುಕೊಂಡು ಹತ್ತಿ ಎಂದು ದೋಣಿಯವನು ಮೂರು ಸಲ ಸನ್ನೆ ಮಾಡಿದ. ನಾನು ಒಂದೇ ಕೈಯಲ್ಲಿ ಹತ್ತಿದೆ. ಮಂಡಿ ತರಚಿತು, ಲಂಗೋಟಿ ಅರ್ಧಕ್ಕೆ ಜಾರಿತು, ಉಳಿದ ಆರು ಜನ ಮರ್ಯಾದೆಯಿಂದ ಬೇರೆ ಕಡೆ ತಿರುಗಿ ಹಕ್ಕಿ ನೋಡತೊಡಗಿದರು.