ಬೀಗರ ಹಪ್ಯೆ, ನನ್ನ ಪೇಚಾಟ

ಪೇಚಿಗೆ ಸಿಕ್ಕಿಕೊಳ್ಳುವುದು ಉಳಿದವರಿಗೆ ಅಪರೂಪಕ್ಕೊಮ್ಮೆ ಆಗುತ್ತದೆ. ನನಗೆ ಮಾತ್ರ ವಾರದ ರಜೆಯ ಹಾಗೆ ತಪ್ಪದೆ ಬರುತ್ತದೆ. ನಾನು ಕುಂದಾಪುರದ ಕಡೆಯವನು. ಲಂಡನ್ನಿನ ರೇನರ್ಸ್ ಲೇನಿನ ಒಂದು ಸಸ್ಯಾಹಾರಿ ಹೋಟೆಲಿನಲ್ಲಿ ಇಪ್ಪತ್ತಾರು ವರ್ಷಗಳಿಂದ ಅಡುಗೆ ಮಾಡಿಕೊಂಡಿದ್ದೇನೆ. ರಜೆಯಲ್ಲಿ ನಮ್ಮವರ ಮದುವೆ, ನಾಮಕರಣಗಳಿಗೆ ಹೋಗಿ ಅಡುಗೆ ಮಾಡಿ ಬಡಿಸುತ್ತೇನೆ. ನನ್ನ ಕೈಯ ಸಾರಿಲ್ಲದೆ ಲಂಡನ್ನಿನಲ್ಲಿ ಕುಂದಾಪುರದವರ ಒಂದು ಮದುವೆಯೂ ನಡೆದಿಲ್ಲ ಎಂದು ನಾನೇ ಹೇಳಿಕೊಂಡು ತಿರುಗುತ್ತಿದ್ದೆ. ಹಾಗಿರುವಾಗ ನನ್ನ ಒಬ್ಬಳೇ ಮಗಳು ಒಬ್ಬ ಡಚ್ ಹುಡುಗನನ್ನು ಮೆಚ್ಚಿದಳು.

ಹುಡುಗ ಒಳ್ಳೆಯವನು, ಅದರಲ್ಲಿ ತಕರಾರಿಲ್ಲ. ತಕರಾರು ಬಂದದ್ದು ಮದುವೆಯ ಊಟಕ್ಕೆ. ಕೌನ್ಸಿಲ್ ಆಫೀಸಿನಲ್ಲಿ ರಿಜಿಸ್ಟರಿಗೆ ಸಹಿ, ಆಮೇಲೆ ಬಾಡಿಗೆ ಹಾಲ್‌ನಲ್ಲಿ ಬಂದವರಿಗೆಲ್ಲ ಒಂದು ‘ಹಪ್ಯೆ’, ಅಷ್ಟು ಸಾಕು ಎಂದು ಅವರಿಬ್ಬರೂ ಗೊತ್ತುಮಾಡಿಕೊಂಡಿದ್ದರು. ಹಾಗೆಂದರೇನು ಎಂದು ಕೇಳಿದೆ. ಡಚ್ಚರ ಭಾಷೆಯಲ್ಲಿ ಒಂದು ಪುಟ್ಟ ತುತ್ತು ಎಂದು ಹುಡುಗ ವಿವರಿಸಿದ. ಊರವರ ಮಕ್ಕಳಿಗೆಲ್ಲ ಎಲೆ ಹಾಕಿ ಬಡಿಸಿದ ನಾನು ನನ್ನ ಮಗಳ ಮದುವೆಯಲ್ಲಿ ಪುಟ್ಟ ತುತ್ತು ಹಂಚಬೇಕೇ? ನಿಜ ಹೇಳುತ್ತೇನೆ, ನನಗೆ ಅಳು ಬಂತು. ಏನಾದರೂ ಮಾಡಿ ಬೀಗರನ್ನು ಒಪ್ಪಿಸಿ ಬಾಳೆಲೆ ಊಟ ಹಾಕಿಸಿಯೇ ಸೈ ಎಂದು ಹಟ ಹಿಡಿದೆ. ಆ ಹಟದಲ್ಲಿ ನಾನು ಪಟ್ಟ ಪಾಡು ಇದು.

ಖಾಲಿ ಹೊಟ್ಟೆ

ಹುಡುಗನ ತಾಯಿ ಎಜ್‌ವೇರಿನಲ್ಲಿ ಒಬ್ಬರೇ ಇರುತ್ತಾರೆ. ನಿವೃತ್ತ ಟೀಚರು, ನನಗಿಂತ ಒಂದು ಗೇಣು ಎತ್ತರ. ಒಂದು ಭಾನುವಾರ ಸಂಜೆ ನಾಲ್ಕಕ್ಕೆ ಹಪ್ಯೆಗೆ ಬನ್ನಿ ಎಂದು ನಮ್ಮನ್ನು ಕರೆದರು. ಬೀಗರ ಮನೆಗೆ ಮೊದಲ ಸಲ ಹೋಗುವಾಗ ಹೊಟ್ಟೆಯಲ್ಲಿ ಜಾಗ ಇಟ್ಟುಕೊಂಡು ಹೋಗದಿದ್ದರೆ ಮರ್ಯಾದೆಯಲ್ಲ. ತುತ್ತು ಎಂದದ್ದು ಉಪಚಾರಕ್ಕೆ ಎಂದು ನಾನು ತಿಳಿದೆ. ನಾವೂ ಒಳಗೆ ಹೋಳಿಗೆ ಮಾಡಿಟ್ಟುಕೊಂಡೇ ಒಂದು ತುತ್ತು ಉಂಡು ಹೋಗಿ ಎನ್ನುತ್ತೇವಲ್ಲ. ಹಾಗಾಗಿ ಬೆಳಗಿನಿಂದ ಎರಡು ಲೋಟ ಚಹಾದಲ್ಲೇ ಕಾಲ ಕಳೆದೆ.

ಮೇಜಿನ ಮೇಲೆ ಒಂದು ತಟ್ಟೆ. ಅದರಲ್ಲಿ ಕಡ್ಡಿ ಚುಚ್ಚಿದ ಚೀಸಿನ ತುಂಡುಗಳು, ನಾಲ್ಕು ಸೌತೆಕಾಯಿ ಹೋಳು. ಇದು ಪೀಠಿಕೆ, ಊಟ ಹಿಂದಿನಿಂದ ಬರುತ್ತದೆ ಎಂದು ಕಾದೆ. ಬಂದದ್ದು ಚಹಾ. ಚಹಾದ ಜೊತೆ ಬಿಸ್ಕೆಟ್ಟಿನ ಡಬ್ಬಿ. ಡಬ್ಬಿಯನ್ನು ನನ್ನ ಮುಂದೆ ಹಿಡಿದಾಗ ಅಭ್ಯಾಸಬಲದಿಂದ ಬೇಡ ಎಂದೆ. ನಮ್ಮಲ್ಲಿ ಮೊದಲನೆಯ ಬೇಡ ಅವರ ಮರ್ಯಾದೆಗೆ, ಎರಡನೆಯದು ನಮ್ಮ ಮರ್ಯಾದೆಗೆ, ಮೂರನೆಯ ಸಲ ಕೈ ಹಾಕುವುದು ಎಂಬ ಲೆಕ್ಕ. ಆಯಮ್ಮ ಓಕೆ ಎಂದು ಮುಚ್ಚಳ ಹಾಕಿ ಡಬ್ಬಿಯನ್ನು ಕಪಾಟಿನಲ್ಲಿಟ್ಟರು.

ವಾಪಸು ಬರುವಾಗ ಬಸ್ಸಿನಲ್ಲಿ ನನ್ನ ಹೊಟ್ಟೆ ಕೂಗಿದ್ದಕ್ಕೆ ಮುಂದಿನ ಸೀಟಿನವರು ತಿರುಗಿ ನೋಡಿದರು. ಒಂದೇ ಮಾತಿಗೆ ಬಿಸ್ಕೆಟ್ ತೆಗೆದುಕೊಂಡಿದ್ದ ನನ್ನ ಹೆಂಡತಿ ಕಿಟಕಿಯಾಚೆ ನೋಡುತ್ತ ಹೇಳಿದಳು: “ನೀವ್ ಬ್ಯಾಡ ಅಂದ್ರಿ. ಬಿಸ್ಕೆಟ್ ಲಾಯ್ಕ್ ಇದ್ದಿತ್ತ್.”

ತುಂಬಿದ ಹೊಟ್ಟೆ

ಮುಂದಿನ ತಿಂಗಳು ಮತ್ತೆ ಕರೆ ಬಂತು, ಅದೂ ಹಪ್ಯೆಗೇ. ಈ ಸಲ ನಾನು ಬುದ್ಧಿವಂತನಾಗಿದ್ದೆ. ಮನೆಯಲ್ಲೇ ಆರು ನೀರುದೋಸೆ ತಿಂದು, ಮೇಲೆ ಒಂದಿಷ್ಟು ಮೊಸರನ್ನ ಉಂಡು ಹೊರಟೆ. ಹೋಗಿ ನೋಡಿದರೆ ಮೇಜಿನ ಮೇಲೆ ಸೂಪು, ಸೊಪ್ಪು ಹಾಕಿ ಹಿಸುಕಿದ ಆಲೂಗಡ್ಡೆಯ ರಾಶಿ, ಪಕ್ಕದಲ್ಲಿ ಆಪಲ್ ಕೇಕು. ಅವರಲ್ಲಿ ಕೂತು ಪೂರ್ತಿ ಊಟ ಮಾಡುವುದಕ್ಕೂ ಹಪ್ಯೆ ಎಂದೇ ಹೇಳುತ್ತಾರಂತೆ.

ಬಿಸ್ಕೆಟ್ ಕಳೆದುಕೊಂಡ ದಿನದಿಂದ ಆ ಮನೆಯಲ್ಲಿ ಬೇಡ ಎಂಬ ಶಬ್ದ ಬಾಯಿಂದ ಹೊರಡಿಸುವುದಿಲ್ಲ ಎಂದು ನಿಶ್ಚಯಿಸಿದ್ದೆ. ಹಾಗಾಗಿ ಎಲ್ಲದಕ್ಕೂ ಯೆಸ್ ಎಂದೆ. ಮುಂದೆ ಬಂದದ್ದನ್ನೆಲ್ಲ ಕಣ್ಣು ಮುಚ್ಚಿ ಮುಗಿಸಿದೆ. ಏಳುವಾಗ ಭಾವೀ ಅಳಿಯ ಕುರ್ಚಿ ಹಿಡಿದುಕೊಂಡ. ಹೊರಗೆ ಬಂದ ಮೇಲೆ ಮಗಳು ನನ್ನ ಕಿವಿಯ ಹತ್ತಿರ ಬಂದು, “ಅಪ್ಪಾ, ದಟ್ ಬೌಲ್ ವಾಸ್ ಫಾರ್ ಎವ್ರಿಒನ್” ಎಂದಳು. ಐವರಿಗೆ ಎಂದು ಇಟ್ಟಿದ್ದ ಆಲೂಗಡ್ಡೆಯ ಪಾತ್ರೆಯನ್ನು ನಾನು ನನ್ನ ತಟ್ಟೆ ಎಂದುಕೊಂಡಿದ್ದೆ.

ಬಾಯಿ ತೆರೆದ ಗಿರಾಕಿ

ಇನ್ನು ಈ ಶಬ್ದದ ಬುಡ ಶೋಧಿಸದೆ ಬಿಡಬಾರದು ಎಂದು ಅಳಿಯನನ್ನು ಕೂರಿಸಿಕೊಂಡು ಕೇಳಿದೆ. ಪಾನೀಯದ ಜೊತೆ ಕೊಡುವ ಚೀಸು ಹಪ್ಯೆ. ಹೊರಗೆ ಹೋಗಿ ಊಟ ಮಾಡಿದರೂ ಹಪ್ಯೆ. ಎಳೆಮಕ್ಕಳಿಗೆ ಹಣ್ಣು ಹಿಸುಕಿ ಕೊಟ್ಟರೂ ಹಪ್ಯೆ. ಅಳತೆ ಹೇಗೆ ತಿಳಿಯುವುದು ಎಂದರೆ, ಅಲ್ಲಿಗೆ ಹೋದ ಮೇಲೆಯೇ ತಿಳಿಯುವುದು ಎಂದು ಅವನೂ ತಲೆ ಕೆರೆದುಕೊಂಡ. ಕೊನೆಗೆ ‘ನೊಖ್ ಎನ್ ಹಪ್ಯೆ’ ಎಂದರೆ ‘ಇನ್ನೊಂದು ತುತ್ತು’ ಎಂದು ಕಲಿಸಿದ. ಯಾವಾಗ ಹೇಳುವುದೆಂದು ಹೇಳುವಷ್ಟರಲ್ಲಿ ಅವನಿಗೆ ಫೋನ್ ಬಂತು. ನನಗೇನು, ಬಡಿಸುವವನಿಗೆ ಬೇಕಾದ ಮಾತು ಇದೊಂದೇ ಎಂದು ಸಂಭ್ರಮಪಟ್ಟು ಬಾಯಿಪಾಠ ಮಾಡಿಕೊಂಡೆ.

ಅದೇ ವಾರ ಹೋಟೆಲಿಗೆ ಯಾವುದೋ ಆಫೀಸಿನಿಂದ ಆರು ಮಂದಿ ಡಚ್ಚರು ಬಂದರು. ಅಡುಗೆಮನೆಯವರ ಮುಂದೆ ನನಗೆ ಡಚ್ ಬರುತ್ತದೆ ಎಂದು ಕೊಚ್ಚಿಕೊಂಡಾಗಿತ್ತು. ಏಪ್ರನ್ನಿನಲ್ಲೇ ಹೊರಗೆ ಬಂದೆ. ಗಡ್ಡದ ದೊಡ್ಡ ಆಳೊಬ್ಬ ಅರ್ಧ ದೋಸೆ ಬಿಟ್ಟು ಕೂತಿದ್ದ. ಅವನ ಪಕ್ಕ ಬಗ್ಗಿ, ಇದ್ದಷ್ಟೂ ಪ್ರೀತಿ ಸುರಿದು ನೊಖ್ ಎನ್ ಹಪ್ಯೆ ಎಂದೆ. ಇಡೀ ಮೇಜಿನವರು ತಿರುಗಿ ನೋಡಿದರು. ಅದು ಅವರ ತಾಯಂದಿರು ಚಮಚ ಹಿಡಿದು ಹಟದ ಕೂಸನ್ನು ರಮಿಸುವ ಮಾತಂತೆ. ಆ ಮನುಷ್ಯ ನನ್ನನ್ನು ನೋಡಿದ, ದೋಸೆಯನ್ನು ನೋಡಿದ, ಆಮೇಲೆ ನಿಧಾನವಾಗಿ ಬಾಯಿ ತೆರೆದ.

ಉಳಿದ ಐವರು ನಗುತ್ತ ಮೇಜು ಬಡಿದರು. ಯಜಮಾನರು ನನ್ನನ್ನು ಒಳಗೆ ಕರೆದು, ದೋಸೆ ಮಾಡಿ ಕೊಟ್ಟರೆ ಸಾಕು, ತಿನ್ನಿಸುವ ಕೆಲಸ ಗಿರಾಕಿಗಳೇ ಮಾಡಿಕೊಳ್ಳುತ್ತಾರೆ ಎಂದರು.

ಖಾಲಿಯಾಗದ ತಟ್ಟೆ

ಮದುವೆ ಹತ್ತಿರ ಬಂತು. ಬಾಯಿಮಾತಿನಲ್ಲಿ ಗೆಲ್ಲುವುದು ನನ್ನಿಂದಾಗದು, ಒಂದು ಸಲ ಮನೆಯಲ್ಲಿ ಉಂಡರೆ ಬೀಗಿತ್ತಿ ತಾವಾಗಿ ಒಪ್ಪುತ್ತಾರೆ ಎಂದುಕೊಂಡು ಅವರನ್ನು ಊಟಕ್ಕೆ ಕರೆದೆ. ಅವರ ತಾಯಿ ಯುದ್ಧಕಾಲದ ಹಸಿವು ಕಂಡವರು. ತಟ್ಟೆಯಲ್ಲಿ ಒಂದು ಅಗುಳು ಬಿಡುವುದೂ ಆ ಮನೆಯಲ್ಲಿ ಪಾಪ. ನಮ್ಮ ಮನೆಯಲ್ಲಿ ಅತಿಥಿಯ ತಟ್ಟೆ ಖಾಲಿ ಕಾಣುವುದು ಪಾಪ. ಈ ಎರಡು ಪಾಪಗಳ ನಡುವೆ ಆಯಮ್ಮ ಸಿಕ್ಕಿಬಿದ್ದರು.

ಅವರು ಮುಗಿಸಿದರು, ನಾನು ಬಡಿಸಿದೆ. ಮತ್ತೆ ಮುಗಿಸಿದರು, ಮತ್ತೆ ಬಡಿಸಿದೆ. ಎಷ್ಟು ಇಷ್ಟಪಟ್ಟು ತಿನ್ನುತ್ತಾರೆ ನೋಡು ಎಂದು ಹೆಂಡತಿಗೆ ಕಣ್ಣಲ್ಲೇ ಹೇಳಿದೆ. ಹನ್ನೊಂದನೆಯ ಕಡುಬಿಗೆ ಅವರ ಹಣೆಯಲ್ಲಿ ಬೆವರು ಬಂತು. ಖಾರಕ್ಕೆ ಇರಬೇಕು ಎಂದು ಇನ್ನಷ್ಟು ಮೊಸರು ಹಾಕಿದೆ. ಅವರು ಎರಡು ದಿನ ಹಾಸಿಗೆ ಬಿಟ್ಟು ಏಳಲಿಲ್ಲ. ಮೂರನೆಯ ದಿನ ಮಗಳಿಗೆ ಮೆಸೇಜು ಬಂತು: ಮದುವೆಗೆ ದಯವಿಟ್ಟು ಹಪ್ಯೆ ಮಾತ್ರ.

ನಾನು ಮಗಳ ಮುಂದೆ ಅಂಗಲಾಚಿದೆ. ಇಷ್ಟು ವರ್ಷ ಯಾರ್ಯಾರ ಮಕ್ಕಳಿಗೋ ಬಡಿಸಿದೆ, ನಿನಗೊಂದು ಊಟ ಹಾಕದಿದ್ದರೆ ಈ ಕೈ ಯಾಕೆ ಬೇಕು ಎಂದೆ. ಅವಳು, ಓಕೆ ಅಪ್ಪಾ, ಬಟ್ ಯು ಟೆಲ್ ಹರ್, ಎಂದಳು. ಬೀಗಿತ್ತಿಗೆ ಫೋನ್ ಮಾಡಿದೆ. ಊಟ ಎನ್ನುತ್ತಿದ್ದ ಹಾಗೆ ಆ ಕಡೆ ಉಸಿರು ಎಳೆದುಕೊಂಡದ್ದು ಕೇಳಿಸಿತು. ಎಷ್ಟು ದೊಡ್ಡ ಊಟ ಎಂದು ಕೇಳಿದರು. ಮಾಡಿದ್ದನ್ನು ದೊಡ್ಡದು ಎಂದು ಹೇಳಿಕೊಳ್ಳುವುದು ನಮ್ಮ ರಕ್ತದಲ್ಲೇ ಇಲ್ಲವಲ್ಲ. ಏನಿಲ್ಲಮ್ಮ, ಎಲೆಯ ಮೇಲೆ ಒಂದು ಹಪ್ಯೆ, ಅಷ್ಟೇ ಎಂದೆ. ಅವರಿಗೂ ಸಮಾಧಾನವಾಯಿತು, ನನಗೂ ಸಮಾಧಾನವಾಯಿತು. ಬೀಗಿತ್ತಿಗೆ ಎಲ್ಲ ಹೇಳಿಯಾಯಿತು ಎಂದು ಮಗಳಿಗೆ ತಿಳಿಸಿದೆ.

ಎದ್ದ ಪಂಕ್ತಿ

ಮದುವೆಯ ದಿನ ಎಂಬತ್ತು ಎಲೆ. ಉದ್ದ ಮೇಜುಗಳಿಗೆ ಬಿಳಿ ಕಾಗದ ಹಾಸಿ, ಒಂದೇ ಪಂಕ್ತಿಯಲ್ಲಿ ಎಲ್ಲರನ್ನೂ ಕೂರಿಸಿದೆವು. ಒಂದು ಮೇಜಿನ ತಲೆಯಲ್ಲಿ ಬೀಗಿತ್ತಿ, ಅವರ ಕಡೆಯ ಇಪ್ಪತ್ತು ಮಂದಿ. ಎದುರಿಗೆ ಕ್ರೋಯ್ಡನ್ನಿನಿಂದ ಬಂದ ನನ್ನ ಸೋದರಮಾವ. ನಮ್ಮಲ್ಲಿ ಹಿರಿಯರು ಅವರೇ, ಪಂಕ್ತಿಯ ಶಿಸ್ತಿನಲ್ಲಿ ಅವರದು ಮಿಲಿಟರಿ ಕಾನೂನು. ಪಲ್ಯ, ಕೋಸಂಬರಿ, ಉಪ್ಪಿನಕಾಯಿ, ಅನ್ನ, ಸಾರು ಹೋಯಿತು. ಮುಂದಿನದು ಹುಳಿ. ನಾನು ಅಡುಗೆಮನೆಯಲ್ಲಿ ಅದರ ರುಚಿ ನೋಡಿದೆ. ಚೆನ್ನಾಗಿಯೇ ಇತ್ತು. ಆದರೂ ಮಗಳ ಮದುವೆಯಲ್ಲವೇ ಎಂದು ಇನ್ನೊಂದು ಒಗ್ಗರಣೆಗೆ ಎಣ್ಣೆ ಇಟ್ಟೆ. ಆ ಒಗ್ಗರಣೆಯೇ ನನ್ನನ್ನು ಕೆಡಿಸಿತು.

ಸಾರನ್ನ ಮುಗಿಸಿ ಎಲೆಯನ್ನು ತೊಳೆದಿಟ್ಟಷ್ಟು ಚೊಕ್ಕ ಮಾಡಿದ ಬೀಗಿತ್ತಿ ಆಚೀಚೆ ನೋಡಿದರು. ಯಾರೂ ಏನೂ ತರುತ್ತಿಲ್ಲ. ಹೇಳಿದಂತೆಯೇ ಹಪ್ಯೆ ಮುಗಿಯಿತು ಎಂದು ಖುಷಿಯಿಂದ ಎದ್ದು ನಿಂತು, ಎಲ್ಲರಿಗೂ ಕೈ ಮುಗಿದರು. ಅವರ ಇಪ್ಪತ್ತು ಮಂದಿಯೂ ಎದ್ದರು. ಬೀಗರು ಎದ್ದ ಮೇಲೆ ಹೆಣ್ಣಿನ ಕಡೆಯವರು ಕೂತು ಉಣ್ಣುವುದುಂಟೇ? ಮಾವ ಎದ್ದರು. ಮಾವ ಎದ್ದ ಮೇಲೆ ಮಿಕ್ಕವರು ಏಳಲೇಬೇಕು. ನಾನು ಒಗ್ಗರಣೆ ಹಾಕಿದ ಹುಳಿಯ ಬಕೆಟ್ಟು ಹಿಡಿದು ಹೊರಗೆ ಬಂದಾಗ ಎಂಬತ್ತು ಮಂದಿ ಹಸಿದ ಹೊಟ್ಟೆಯಲ್ಲಿ ಕೈ ತೊಳೆಯಲು ಕ್ಯೂ ನಿಂತಿದ್ದರು.

ನಾನು ಒಳಗೆ ಹೋಗಿ ಅಕ್ಕಿಚೀಲದ ಮೇಲೆ ಕೂತುಬಿಟ್ಟೆ. ಇಷ್ಟು ದುಃಖ ನನಗೆ ಊರು ಬಿಟ್ಟು ಬರುವಾಗಲೂ ಆಗಿರಲಿಲ್ಲ. ಅಷ್ಟರಲ್ಲಿ ಅಡುಗೆಯವರಿಗೆ ಥ್ಯಾಂಕ್ಸ್ ಹೇಳಬೇಕೆಂದು ಬೀಗಿತ್ತಿ ಒಳಗೆ ಬಂದರು. ಸಾಲಾಗಿ ಇಟ್ಟಿದ್ದ ಮಜ್ಜಿಗೆಹುಳಿ, ಚಿತ್ರಾನ್ನ, ಹೋಳಿಗೆ, ಎರಡು ಬಗೆಯ ಪಾಯಸ ಎಲ್ಲವನ್ನೂ ಮುಚ್ಚಳ ತೆಗೆದು ತೆಗೆದು ನೋಡಿದರು.

“ಇದು ಯಾರಿಗೆ?” ಎಂದು ಕೇಳಿದರು.

“ನಿಮಗೇ,” ಎಂದೆ.

“ಮತ್ತೆ ಯಾಕೆ ಕೊಡಲಿಲ್ಲ?”

ಇದಕ್ಕೆ ಯಾವ ಭಾಷೆಯಲ್ಲಿ ಉತ್ತರ ಕೊಡುವುದು? ನಾಚಿಕೆ ಬಿಟ್ಟು ನಿಜ ಹೇಳಿದೆ. ಇದು ನನ್ನ ಮಗಳ ಮದುವೆಯ ಊಟ, ದೊಡ್ಡ ಊಟ, ನಿಮಗೆ ಹೆದರಿಕೆಯಾಗಬಾರದೆಂದು ಸಣ್ಣದು ಎಂದು ಸುಳ್ಳು ಹೇಳಿದೆ ಎಂದೆ. ಅವರು ನೆಟ್ಟಗೆ ಹೊರಗೆ ಹೋಗಿ ಮಾವನ ಮುಂದೆ ನಿಂತು, ನಿಮಗೆ ಹಸಿವಾಗಿದೆಯೇ ಎಂದು ಟೀಚರ ಗತ್ತಿನಲ್ಲೇ ಕೇಳಿದರು. ಎಂಬತ್ತು ವರ್ಷದಲ್ಲಿ ಮಾವನನ್ನು ಯಾರೂ ಹಾಗೆ ಕೇಳಿರಲಿಲ್ಲ. ಊಟ ಆಯಿತೇ ಎಂದು ಕೇಳಿದರೆ ಆಯಿತು ಎನ್ನಬಹುದು, ಹಸಿವೇ ಎಂದರೆ ಏನು ಹೇಳುವುದು? ಹಸಿವಂತೂ ಇತ್ತು. ಆದರೆ ಊಟಕ್ಕೆ ಕೂತು ಎದ್ದವರು ಮತ್ತೆ ಊಟಕ್ಕೆ ಕೂರುವ ಕ್ರಮ ಇಲ್ಲ. ಇಡೀ ಹಾಲ್ ಅವರ ಬಾಯಿಯನ್ನೇ ನೋಡುತ್ತಿತ್ತು.

ಮಾವ ನನ್ನ ಮಗಳನ್ನು ಕರೆದು, ಇವರು ಆಗ ಉಂಡದ್ದಕ್ಕೆ ಅವರ ಭಾಷೆಯಲ್ಲಿ ಏನು ಹೇಳುತ್ತಾರೆ ಎಂದು ವಿಚಾರಿಸಿದರು. ಹಪ್ಯೆ, ಮಕ್ಕಳಿಗೆ ಕೊಡುವ ತುತ್ತಿಗೂ ಹಾಗೆಯೇ ಹೇಳುತ್ತಾರೆ ಎಂದು ಅವಳು ತನಗೆ ಬರುವಷ್ಟು ಕನ್ನಡದಲ್ಲಿ ಹೇಳಿದಳು. ಮಾವ ಗಂಭೀರವಾಗಿ ತಲೆಯಾಡಿಸಿದರು.

“ಹಂಗಾರೆ ಊಟ ಸುರುವೇ ಆಯ್ಲಿಲ್ಲ. ಹೊಸ ಎಲಿ ಹಾಕ್,” ಎಂದು ಎಲ್ಲರಿಗಿಂತ ಮೊದಲು ಹೋಗಿ ಕೂತರು.

ಬೀಗಿತ್ತಿ ಈ ಸಲ ಅವರ ಪಕ್ಕದಲ್ಲೇ ಕೂತರು. ನಾನು ಬಕೆಟ್ಟು ಎತ್ತಿಕೊಂಡಾಗ ಮಗಳು ಅದನ್ನು ಕೈಯಿಂದ ಕಿತ್ತುಕೊಂಡು, ಸಿಟ್ ಅಪ್ಪಾ ಎಂದಳು. ಇಪ್ಪತ್ತಾರು ವರ್ಷ ಬಡಿಸುತ್ತ ಓಡಾಡಿದವನಿಗೆ ಮದುವೆಯ ಎಲೆಯ ಮುಂದೆ ಕಾಲು ಎಲ್ಲಿಡಬೇಕೆಂದೇ ತಿಳಿಯಲಿಲ್ಲ. ಅವಳು ಸೀರೆ ಎತ್ತಿ ಕಟ್ಟಿಕೊಂಡು, ಗಂಡನ ಕೈಗೆ ತುಪ್ಪದ ಗಿಂಡಿ ಕೊಟ್ಟು ಬಡಿಸುತ್ತ ಬಂದಳು. ಹುಳಿ ನನ್ನ ಅನ್ನದ ಮೇಲೆ ಬೀಳುವಾಗ ಕಣ್ಣು ಮಂಜಾಯಿತು. ಒಗ್ಗರಣೆ ಜಾಸ್ತಿಯಾಗಿದೆ ಎಂದು ಆಗಲೇ ಗೊತ್ತಾಯಿತು.

ಮಜ್ಜಿಗೆಯವರೆಗೂ ಎಲ್ಲ ಸಾಂಗವಾಗಿ ನಡೆಯಿತು. ಮೂರು ಗಂಟೆಗೆ ಕೊನೆಯ ಎಲೆಯೂ ಖಾಲಿ. ಆದರೆ ಯಾರೂ ಏಳಲಿಲ್ಲ. ಬೀಗರು ಏಳದೆ ಮಾವ ಏಳುವವರಲ್ಲ. ಒಂದು ಸಲ ಎದ್ದು ಮದುವೆಯನ್ನೇ ಹಾಳುಮಾಡುವುದರಲ್ಲಿದ್ದೆ ಎಂದು ಹೆದರಿದ್ದ ಬೀಗಿತ್ತಿ, ಮಾವ ಏಳುವವರೆಗೆ ಅಲುಗಾಡುವವರಲ್ಲ. ಇಬ್ಬರೂ ಒಬ್ಬರನ್ನೊಬ್ಬರು ನೋಡಿ ನಗುತ್ತ ಕೂತರು. ಎಂಬತ್ತು ಮಂದಿಯ ಬಲಗೈ ಒಣಗುತ್ತ ಬಂತು. ಮೂರೂವರೆಗೆ, ನಮ್ಮ ನಂತರ ಹಾಲ್ ಹಿಡಿದಿದ್ದ ಯೋಗ ತರಗತಿಯ ಹೆಂಗಸರು ಚಾಪೆ ಸುತ್ತಿಕೊಂಡು ಬಂದು ಬಾಗಿಲಲ್ಲಿ ನಿಂತರು. ಹಾಲ್‌ನ ಕೇರ್‌ಟೇಕರ್ ಬೀಗದ ಕೈ ಆಡಿಸಿ ಸದ್ದು ಮಾಡಿದ. ಮಗಳು ಓಡಿ ಬಂದು ನನ್ನ ಕಿವಿಯಲ್ಲಿ, ಯಾರಾದರೂ ಏಳಲಿ, ನೀನಾದರೂ ಹೋಗಿ ಏಳಿಸು ಎಂದು ಗೋಗರೆದಳು.

ನಾನು ಕೂತಲ್ಲಿಂದ ಕದಲದೆ ಹೇಳಿದೆ: “ಅದು ಬಡಿಸುವವರ ಕೆಲಸ ಮಗಾ. ನಾನು ಪಂಕ್ತಿಯಲ್ಲಿ ಕೂತವನು.”